ತೀರ್ಪಿಗೆ ಮುನ್ನ ಒಂದು ನೋಟ

ಬೆಳಕು ಮೀನುಗಾರಿಕೆಯ ವಿರುದ್ಧ ನಮ್ಮ ಕರಾವಳಿಯ ನಾಡದೋಣಿ ಮೀನುಗಾರರು ಹಲವು ವರ್ಷಗಳಿಂದ ದನಿ ಎತ್ತುತ್ತಿದ್ದಾರೆ. ಪ್ರಖರ ದೀಪಗಳಿಂದ ಮೀನಿನ ಹಿಂಡನ್ನು ಸೆಳೆದು, ಮರಿಗಳನ್ನೂ ಬಿಡದೆ ಬಾಚಿಕೊಳ್ಳುವ ಈ ಪದ್ಧತಿಯನ್ನು ಕೇಂದ್ರ ಸರ್ಕಾರ 2017ರಲ್ಲಿ ನಿಷೇಧಿಸಿತು. ಇಲ್ಲಿ ತಪ್ಪಿತಸ್ಥರು ಯಾರು ಎಂಬ ಬಗ್ಗೆ ನನಗೆ ಅನುಮಾನವೇ ಇರಲಿಲ್ಲ. ಸರ್ವ್ನಿಕ್ ಕೌರ್ ಅವರ ‘ಎಗೇನ್‌ಸ್ಟ್ ದ ಟೈಡ್’ ಸಾಕ್ಷ್ಯಚಿತ್ರವನ್ನು ನೋಡಿದ ಮೇಲೆ ಆ ನಿಶ್ಚಿಂತೆ ಕದಡಿತು.

ಮುಂಬೈನ ಕೋಲಿ ಸಮುದಾಯದ ಇಬ್ಬರು ಗೆಳೆಯರ ಕಥೆಯಿದು. ರಾಕೇಶ್ ಹಿರಿಯರಿಂದ ಬಂದ ದೋಣಿಯಲ್ಲಿ ದಡದ ಸಮೀಪವೇ ಬಲೆ ಹಾಕುವವರು. ವಿದೇಶದಲ್ಲಿ ಓದಿಬಂದ ಗಣೇಶ್ ಆಳಸಮುದ್ರವನ್ನು ನಂಬಿದವರು. ಸಾಲ ಬೆಳೆದು ಮೀನು ಕಡಿಮೆಯಾದಾಗ ನಿಷೇಧಿತ ದೀಪಗಳತ್ತ ವಾಲುವವರು. ಸುದ್ದಿವಾಹಿನಿಯ ಚರ್ಚೆಯಲ್ಲಾಗಿದ್ದರೆ ಒಬ್ಬರು ನಾಯಕ, ಇನ್ನೊಬ್ಬರು ಖಳನಾಯಕ ಎಂದು ಐದೇ ನಿಮಿಷದಲ್ಲಿ ಇತ್ಯರ್ಥವಾಗುತ್ತಿತ್ತು. ಕೌರ್ ಅವರಿಗೆ ಆ ಆತುರವಿಲ್ಲ. ಅವರ ಕ್ಯಾಮೆರಾ ದೋಣಿಯಲ್ಲಿ, ಮನೆಯಲ್ಲಿ, ಗೆಳೆಯರ ಜಗಳದ ನಡುವೆ ಸುಮ್ಮನೆ ಇರುತ್ತದೆ. ಬರಿದಾಗುತ್ತಿರುವ ಒಂದೇ ಕಡಲು ಇಬ್ಬರನ್ನೂ ಹಿಂಡುತ್ತಿದೆ ಎಂಬುದು ಯಾರೂ ಹೇಳದೆಯೇ ನಮಗೆ ಅರಿವಾಗುತ್ತದೆ. 2023ರ ಸನ್‌ಡ್ಯಾನ್ಸ್ ಚಿತ್ರೋತ್ಸವದ ವಿಶೇಷ ಜ್ಯೂರಿ ಪ್ರಶಸ್ತಿ ಸಂದದ್ದು ಈ ವೀಕ್ಷಣಾ ಶೈಲಿಗೇ.

ಹಗುರ ಕ್ಯಾಮೆರಾ ಮತ್ತು ಸ್ಥಳದಲ್ಲೇ ಧ್ವನಿ ದಾಖಲಿಸುವ ಸಾಧನಗಳು ಬಂದ 1960ರ ದಶಕದಲ್ಲಿ ಬೆಳೆದ ಈ ಕ್ರಮಕ್ಕೆ ಆಕ್ಷೇಪಗಳೂ ಅಷ್ಟೇ ಹಳೆಯವು. ಕ್ಯಾಮೆರಾ ಎದುರಿಗಿದ್ದಾಗ ಬದುಕು ಸಹಜವಾಗಿ ಉಳಿಯುವುದೇ? ಯಾವುದನ್ನು ಉಳಿಸಬೇಕು, ಯಾವುದನ್ನು ಕತ್ತರಿಸಬೇಕು ಎಂಬ ಸಂಕಲನದ ನಿರ್ಧಾರವೂ ಒಂದು ತೀರ್ಪಲ್ಲವೇ? ರಾಕೇಶ್ ಅವರ ಹಸುಗೂಸಿಗೆ ಹೃದಯದ ತೊಂದರೆ ಎಂದು ತಿಳಿದು ಮನೆಯವರು ಕುಗ್ಗುವಾಗ, ಇದನ್ನು ನೋಡುವ ಹಕ್ಕು ನನಗಿದೆಯೇ ಎಂದು ನಾನೂ ಕೇಳಿಕೊಂಡೆ. ವೀಕ್ಷಣೆ ತಟಸ್ಥವಲ್ಲ, ನಿಜ. ಆದರೆ ವರ್ಷಗಳ ಒಡನಾಟದಿಂದ ದೊರೆತ ನಂಬಿಕೆಗೂ, ಶೋಕದ ಮನೆಯೊಳಗೆ ಮೈಕ್ ಹಿಡಿದು ನುಗ್ಗುವುದಕ್ಕೂ ವ್ಯತ್ಯಾಸವಿದೆ.

ಇಂತಹ ಚಿತ್ರಗಳಿಗೆ ನಮ್ಮಲ್ಲಿ ಚಿತ್ರಮಂದಿರ ಸಿಗುವುದು ಅಪರೂಪ. ವಾಹಿನಿಗಳಿಗೂ ಇವು ಬೇಡ. ಚಿತ್ರೋತ್ಸವದ ಪ್ರೇಕ್ಷಕರಾಚೆಗೆ ಇವನ್ನು ಒಯ್ಯುವ ಹೊಣೆಯನ್ನು ದೂರದರ್ಶನ, ಕಾಲೇಜುಗಳು ಹಾಗೂ ಚಿತ್ರ ಸಮಾಜಗಳು ಹೊರಬೇಕು. ಮಲ್ಪೆ, ಮಂಗಳೂರಿನ ಮೀನುಗಾರರು ಈ ಚಿತ್ರವನ್ನು ಒಟ್ಟಿಗೆ ಕುಳಿತು ನೋಡುವಂತಾದರೆ ಅದಕ್ಕಿಂತ ಒಳ್ಳೆಯ ಪ್ರದರ್ಶನ ಬೇರಿಲ್ಲ.

ನಿಷೇಧ ಸಡಿಲಗೊಳ್ಳಲಿ ಎಂದು ನಾನು ವಾದಿಸುತ್ತಿಲ್ಲ. ಆದರೆ ದೀಪ ಹಚ್ಚಿದವನನ್ನು ಅಲ್ಲಿಗೆ ತಂದು ನಿಲ್ಲಿಸಿದ್ದೇನು ಎಂದು ಕೇಳದ ಕಾನೂನು, ಆ ದೀಪಗಳನ್ನು ಆರಿಸಲಾರದು. ತೀರ್ಪು ನೀಡುವ ಮುನ್ನ ಕೊಂಚ ಹೊತ್ತು ನೋಡುತ್ತಾ ಕೂರುವುದನ್ನು ಈ ಚಿತ್ರ ನನಗೆ ಕಲಿಸಿತು.