ಗಿಡ್ಡನೆಂದು ಕಡೆಗಣಿಸಲ್ಪಟ್ಟ ಓಟಗಾರ

ಬೆಳೆಯುವ ಮಗನನ್ನು ಬಾಗಿಲಿನ ಕಂಬಕ್ಕೆ ಒರಗಿಸಿ ನಿಲ್ಲಿಸಿ, ತಲೆಯ ಮಟ್ಟಕ್ಕೆ ಗೀರೆಳೆದು, ಹೋದ ವರುಷದ ಗೀರಿಗೂ ಇದಕ್ಕೂ ಅಂತರವೇ ಇಲ್ಲವಲ್ಲಾ ಎಂದು ನಿಟ್ಟುಸಿರಿಡುವ ತಾಯ್ತಂದೆಗಳು ನಮ್ಮ ವಾಚಕರಲ್ಲಿಯೂ ಇರಬಹುದು. ಅಂತಹವರು ವೇಲ್ಸ್ ದೇಶದ ಷೇನ್ ವಿಲಿಯಮ್ಸನ ಸಂಗತಿಯನ್ನು ಕೇಳಬೇಕೆಂದು ನಮ್ಮ ಆಸೆ.

ಈತನು ರಗ್ಬಿ ಆಟಗಾರನು. ರಗ್ಬಿಯು ನಮ್ಮಲ್ಲಿ ಬಳಕೆಯಲ್ಲಿರುವ ಕಾಲ್ಚೆಂಡಿನಂತಲ್ಲ. ಚೆಂಡು ಮೊಟ್ಟೆಯಾಕಾರದ್ದು. ಅದನ್ನು ಕೈಯಲ್ಲಿ ಹಿಡಿದು ಓಡಬಹುದು, ಆದರೆ ಕೈಯಿಂದ ಮುಂದಕ್ಕೆ ಎಸೆಯಕೂಡದು. ಚೆಂಡು ಹಿಡಿದವನನ್ನು ಎದುರಾಳಿಗಳು ತಬ್ಬಿ ನೆಲಕ್ಕೆ ಕೆಡವಬಹುದು. ಇಷ್ಟನ್ನೂ ತಪ್ಪಿಸಿಕೊಂಡು ಎದುರು ಪಕ್ಷದ ಗೆರೆಯಾಚೆ ಚೆಂಡನ್ನು ನೆಲಕ್ಕೆ ಊರಿದರೆ ಅದು ‘ಟ್ರೈ’. ಅದಕ್ಕೆ 5 ಅಂಕಗಳು. ತಂಡದ 15 ಮಂದಿಯಲ್ಲಿ ಅಂಗಳದ ಅಂಚಿನಲ್ಲಿ ಕಾದಿದ್ದು, ಚೆಂಡು ಕೈಸೇರಿದೊಡನೆ ಓಡತಕ್ಕವನನ್ನು ‘ವಿಂಗರ್’ ಎನ್ನುವರು. ಆಟ ಒರಟಾದುದರಿಂದ ಆಳೆತ್ತರವೂ ಮೈಭಾರವೂ ಉಳ್ಳವರಿಗೇ ಅಲ್ಲಿ ಮನ್ನಣೆ.

ಷೇನನು 1977ರಲ್ಲಿ ಹುಟ್ಟಿ, ಕಲ್ಲಿದ್ದಲ ಗಣಿಗಳಿಗೆ ಹೆಸರಾಗಿದ್ದ ಅಮ್ಮನ್ ಕಣಿವೆಯಲ್ಲಿ ಬೆಳೆದನು. ಎತ್ತರವು 5 ಅಡಿ 7 ಅಂಗುಲ. ಈ ಆಟಕ್ಕೆ ನೀನು ತೀರ ಚಿಕ್ಕವನೆಂಬ ಮಾತನ್ನು ಆತನು ಮತ್ತೆ ಮತ್ತೆ ಕೇಳಬೇಕಾಯಿತು. ಮೊದಲಲ್ಲಿ ಆತನು ವಿಂಗರನೇ ಆಗಿರಲಿಲ್ಲ. ಗುಂಪಿನ ಹಿಂದಿನಿಂದ ಚೆಂಡನ್ನೆತ್ತಿ ಹಂಚುವ ‘ಸ್ಕ್ರಮ್ ಹಾಫ್’ ಆಗಿದ್ದನು. 2000ದ ಫೆಬ್ರವರಿಯಲ್ಲಿ ದೇಶದ ಪರವಾಗಿ ಮೊದಲ ಸಲ ಆಡಿದನು. ಬಳಿಕ ಗಾಯಗಳು ಕಾಡಿದುವು, ತಂಡದಿಂದ ಹೆಸರು ಬಿಟ್ಟುಹೋಯಿತು.

2003ರಲ್ಲಿ ಆಸ್ಟ್ರೇಲಿಯದಲ್ಲಿ ಜಗತ್‌ಸ್ಪರ್ಧೆ ನಡೆಯಿತು. ಷೇನನನ್ನು ಕರೆದೊಯ್ದದ್ದು ಮೂರನೆಯ ಸ್ಕ್ರಮ್ ಹಾಫನನ್ನಾಗಿ, ಎಂದರೆ ಮೊದಲಿನ ಇಬ್ಬರಿಗೂ ಏನಾದರೂ ಆದರೆ ಇರಲೆಂದು! ವೇಲ್ಸ್ ತಂಡವು ಮುಂದಿನ ಸುತ್ತನ್ನು ಆಗಲೇ ಸೇರಿತ್ತು. ಆದುದರಿಂದ ಪ್ರಬಲರಾದ ನ್ಯೂಜಿಲೆಂಡಿನವರ ಮೇಲೆ ಅನೇಕ ಮೀಸಲು ಆಟಗಾರರನ್ನು ಇಳಿಸಿದರು. ಷೇನನಿಗೆ ದೊರೆತುದು ವಿಂಗರನ ಸ್ಥಾನ. ಅಂದು ಆತನು ಎಡಬಲಕ್ಕೆ ಹೊರಳುತ್ತ ಓಡಿದ ಪರಿಗೆ ಸಿಡ್ನಿಯ ಜನಸಾಗರವೇ ಬೆರಗಾಯಿತು. ತಾನೂ ಒಂದು ಟ್ರೈ ಗಳಿಸಿದನು. ಒಂದು ಹೊತ್ತಿನಲ್ಲಿ ವೇಲ್ಸಿನವರೇ ಮುಂದಿದ್ದರು. ಕೊನೆಗೆ 53-37ರಿಂದ ಸೋತರೂ ಷೇನನ ಸ್ಥಾನವು ನಿಂತಿತು. ಆ ಪಂದ್ಯಕ್ಕೆ ಮುಖ್ಯರನ್ನೇ ಇಳಿಸಿದ್ದರೆ ಏನಾಗುತ್ತಿತ್ತೆಂದು ನೆನೆದರೆ ನಮಗೆ ಈಗಲೂ ಕಳವಳ.

ದೊಡ್ಡ ಮೈಯವನು ಒಂದು ಕಾಲಿನ ಮೇಲೆ ಭಾರ ಹಾಕಿದನೆಂದರೆ ದಿಕ್ಕು ಬದಲಿಸಲು ಹೊತ್ತು ಬೇಕು. ಷೇನನು ಅಷ್ಟರೊಳಗೆ ಎರಡು ಮೂರು ಗಿಡ್ಡ ಹೆಜ್ಜೆಗಳನ್ನಿಟ್ಟು ಬೇರೆ ಕಡೆಗೆ ಹಾರಿರುತ್ತಿದ್ದನು. ಯಾವುದನ್ನು ಕುಂದೆಂದು ಎಣಿಸಿದ್ದರೋ ಅದೇ ಆತನ ಬಂಡವಾಳ.

2005ರಲ್ಲಿ ಇಂಗ್ಲೆಂಡನ್ನು 11-9ರಿಂದ ಮಣಿಸಿದಾಗ ವೇಲ್ಸಿನ ಏಕಮಾತ್ರ ಟ್ರೈ ಷೇನನದು. ಆ ವರುಷ ವೇಲ್ಸ್ ಆರು ರಾಷ್ಟ್ರಗಳ ಸ್ಪರ್ಧೆಯ ಎಲ್ಲ ಪಂದ್ಯಗಳನ್ನೂ ಗೆದ್ದಿತು. 1978ರ ತರುವಾಯ ಇದೇ ಮೊದಲು. 2008ರಲ್ಲಿ ಪುನಃ ಅದೇ ಸಾಧನೆ. ಗ್ಯಾರೆತ್ ಥಾಮಸನ 40 ಟ್ರೈಗಳ ದಾಖಲೆಯನ್ನು ಐರ್ಲೆಂಡಿನ ಮೇಲೆ ಸರಿಗಟ್ಟಿ, ಫ್ರಾನ್ಸಿನ ಮೇಲೆ ಮುರಿದನು. ಅದೇ ವರುಷ ಜಗತ್ತಿನ ಶ್ರೇಷ್ಠ ಆಟಗಾರನೆಂಬ ಪ್ರಶಸ್ತಿಯೂ ಬಂದಿತು. ವೇಲ್ಸಿನವರಲ್ಲಿ ಅದನ್ನು ಪಡೆದ ಮೊದಲಿಗನು ಈತನೇ.

2011ರ ಡಿಸೆಂಬರ್ 3ರಂದು ಕಾರ್ಡಿಫ್ ನಗರದಲ್ಲಿ ಆಸ್ಟ್ರೇಲಿಯದ ಮೇಲೆ ದೇಶಕ್ಕಾಗಿ ಕೊನೆಯ ಪಂದ್ಯ. ಪಂದ್ಯ ಕೈತಪ್ಪಿತ್ತು. ಆದರೂ ಕಟ್ಟಕಡೆಯ ಗಳಿಗೆಯಲ್ಲಿ ಚೆಂಡು ಆತನ ಕೈಗೆ ಬಂದಿತು, ಅದನ್ನು ಗೆರೆಯಾಚೆ ಊರಿದನು: ವೇಲ್ಸಿಗಾಗಿ ಆಡಿದ 87 ಪಂದ್ಯಗಳಲ್ಲಿ 58ನೆಯ ಟ್ರೈ. ಮರುವರುಷದ ಮೇ ತಿಂಗಳಲ್ಲಿ ತನ್ನ ಆಸ್ಪ್ರೀಸ್ ತಂಡದೊಡನೆ ಡಬ್ಲಿನ್ನಿಗೆ ಹೋಗಿ, ಲೀನ್‌ಸ್ಟರ್ ತಂಡದ ವಿರುದ್ಧ ಅಂತಿಮ ಪಂದ್ಯವಾಡಿದನು. ಮುಗಿಯಲು ಕೆಲವೇ ನಿಮಿಷಗಳಿದ್ದಾಗ ಮತ್ತೊಂದು ಟ್ರೈ. ಡ್ಯಾನ್ ಬಿಗ್ಗರನು ಅಂಚಿನಿಂದ ಒದ್ದ ಚೆಂಡು ಕಂಬಗಳ ನಡುವೆ ತೂರಿತು. 31-30. ಆ ಬಳಿಕ ಷೇನನು ಆಟವಾಡಲು ಜಪಾನಿಗೆ ಹೊರಟನು.