ಅಮಾನತು ಶಿಕ್ಷೆಯಲ್ಲ, ಶಿಕ್ಷೆ ಆಗಲೂಬಾರದು

ಸರಕಾರಿ ನೌಕರನೊಬ್ಬ ಸಸ್ಪೆಂಡ್ ಆದ ಸುದ್ದಿ ಊರಿಗೆ ತಲುಪಲು ಹೆಚ್ಚು ಹೊತ್ತು ಬೇಡ. ಬೆಳಿಗ್ಗೆ ಪೇಪರಿನಲ್ಲಿ ಬಂದರೆ ಮಧ್ಯಾಹ್ನದೊಳಗೆ ಮೊಬೈಲಿನಲ್ಲಿ ಹತ್ತು ಕಡೆ ತಿರುಗಿರುತ್ತದೆ. ಸಂಜೆಯ ಮಾತಿನಲ್ಲಿ ‘ಸಸ್ಪೆಂಡ್’ ಹೋಗಿ ‘ಡಿಸ್‌ಮಿಸ್’ ಆಗಿರುತ್ತದೆ. “ಏನೂ ಮಾಡದೆ ಸುಮ್ಮನೆ ಸಸ್ಪೆಂಡ್ ಮಾಡ್ತಾರಾ?” ಎಂದು ನಾವೇ ಕೇಳುತ್ತೇವೆ, ತೀರ್ಪನ್ನೂ ನಾವೇ ಕೊಟ್ಟುಬಿಡುತ್ತೇವೆ.

ಕಾನೂನು ಹೇಳುವುದು ಬೇರೆ. ಅಮಾನತು ಎಂದರೆ ತನಿಖೆ ಮುಗಿಯುವ ತನಕ ನೌಕರನನ್ನು ಕುರ್ಚಿಯಿಂದ ದೂರ ಇಡುವುದು, ಅಷ್ಟೇ. ಕಡತ ತಿದ್ದಬಾರದು, ಸಾಕ್ಷಿಗಳನ್ನು ಹೆದರಿಸಬಾರದು ಎಂಬುದಕ್ಕೆ ಈ ಏರ್ಪಾಡು. ಕರ್ನಾಟಕದ 1957ರ ಸೇವಾ ನಿಯಮಗಳ ಪ್ರಕಾರ ನೌಕರನು 48 ಗಂಟೆಗಿಂತ ಹೆಚ್ಚು ಬಂಧನದಲ್ಲಿದ್ದರೆ ಅವನು ಅಮಾನತಾದಂತೆಯೇ ಲೆಕ್ಕ. ಅಲ್ಲಿ ತಪ್ಪು ಸಾಬೀತಾಗಿದೆ ಎಂಬ ಮಾತೇ ಇಲ್ಲ.

ಹಾಗೆಂದು ಅಮಾನತೇ ಬೇಡ ಎಂದು ನಾವು ಹೇಳುವುದಿಲ್ಲ. ಸರಕಾರಿ ಕೆಲಸ ಜನರು ಒಪ್ಪಿಸಿದ ಅಮಾನತ್. ಲಂಚದ ಆರೋಪ ಹೊತ್ತವನು ಮರುದಿನ ಅದೇ ಮೇಜಿನಲ್ಲಿ ಕೂತು ಅರ್ಜಿ ಪಡೆದರೆ ದೂರು ಕೊಟ್ಟ ಬಡವನ ಗತಿ ಏನು? ದೊಡ್ಡ ಅಧಿಕಾರಿ ಇರಲಿ, ಸಣ್ಣ ಗುಮಾಸ್ತ ಇರಲಿ, ನಿಯಮ ಒಂದೇ ಇರಬೇಕು.

ತೊಂದರೆ ಇರುವುದು ವಿಳಂಬದಲ್ಲಿ. ನಮ್ಮದೇ ರಾಜ್ಯದ ಕೋಲಾರ ಚಿನ್ನದ ಗಣಿಯ ಒಂದು ಪ್ರಕರಣ ನೋಡೋಣ. 1985ರಲ್ಲಿ ಅಲ್ಲಿನ ಭದ್ರತಾ ಅಧಿಕಾರಿಯೊಬ್ಬರ ಮನೆಯಲ್ಲಿ ಚಿನ್ನ ಸಿಕ್ಕಿತೆಂದು ಪೊಲೀಸರು ಕೇಸು ಹಾಕಿದರು. ಕಂಪೆನಿ ಅವರನ್ನು ಅಮಾನತು ಮಾಡಿತು. ಜೀವನಾಧಾರ ಭತ್ಯೆ ಕೊಡಲಿಲ್ಲ. ಕೈಯಲ್ಲಿ ದುಡ್ಡಿಲ್ಲದೆ ಕೇರಳದ ಊರಿನಿಂದ ವಿಚಾರಣೆಗೆ ಬರಲು ಆಗಲಿಲ್ಲ. ಅವರಿಲ್ಲದೆಯೇ ವಿಚಾರಣೆ ಮುಗಿಸಿ 1986ರಲ್ಲಿ ವಜಾ ಮಾಡಿದರು. 1987ರಲ್ಲಿ ಕ್ರಿಮಿನಲ್ ಕೋರ್ಟ್ ಅವರನ್ನು ಖುಲಾಸೆಗೊಳಿಸಿತು. ಆದರೆ ಸುಪ್ರೀಂ ಕೋರ್ಟಿನಲ್ಲಿ ನ್ಯಾಯ ಸಿಕ್ಕಿದ್ದು 1999ರಲ್ಲಿ! ಭತ್ಯೆ ಕೊಡದಿರುವುದು ಬದುಕುವ ಹಕ್ಕಿಗೇ ಧಕ್ಕೆ ಎಂದು ಕೋರ್ಟ್ ಹೇಳಿತು. ಕೆಲಸವನ್ನೂ ಬಾಕಿ ಸಂಬಳವನ್ನೂ ಕೊಡಿಸಿತು. ಆದರೆ ಹದಿನಾಲ್ಕು ವರ್ಷ ಆ ಮನೆಯವರು ಪಟ್ಟ ಪಾಡಿಗೆ ಯಾವ ಬಾಕಿ ಸಾಕು?

2015ರಲ್ಲಿ ಸುಪ್ರೀಂ ಕೋರ್ಟ್ ಇನ್ನೊಂದು ತೀರ್ಪು ಕೊಟ್ಟಿತು. ಮೂರು ತಿಂಗಳೊಳಗೆ ಆರೋಪ ಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಸಬಾರದು. ಕೊಟ್ಟಿದ್ದರೆ, ಮುಂದುವರಿಸಲು ಕಾರಣ ಬರೆದು ಆದೇಶ ಮಾಡಬೇಕು. ಇಲಾಖೆಗಳು ಈ ಮಾತನ್ನು ಕೋರ್ಟಿಗೆ ಎಳೆಸಿಕೊಳ್ಳದೆ ತಾವಾಗಿಯೇ ಪಾಲಿಸಬೇಕು. ತನಿಖೆ ಬೇಗ ಮುಗಿದರೆ ತಪ್ಪಿತಸ್ಥ ಬೇಗ ಹೊರಗೆ ಹೋಗುತ್ತಾನೆ, ನಿರಪರಾಧಿ ಬೇಗ ಒಳಗೆ ಬರುತ್ತಾನೆ. ಎಳೆದಷ್ಟೂ ಸರಕಾರ ಕೆಲಸವಿಲ್ಲದೆ ಭತ್ಯೆ ಕೊಡಬೇಕು, ಅದೂ ಜನರದ್ದೇ ದುಡ್ಡು.

ನಮ್ಮ ಮನೆಗಳಿಂದಲೂ ಮಕ್ಕಳು ಸರಕಾರಿ ಕೆಲಸಕ್ಕೆ ಹೋಗುತ್ತಿದ್ದಾರೆ. ಅವರಿಗೆ ಎರಡು ಮಾತು. ಆದೇಶದ ಪ್ರತಿ ಜೋಪಾನವಾಗಿಡಿ, ಭತ್ಯೆಯನ್ನು ಬರವಣಿಗೆಯಲ್ಲೇ ಕೇಳಿ, ಬೇರೆ ಕೆಲಸಕ್ಕೆ ಸೇರಬೇಡಿ, ಅನುಮತಿ ಇಲ್ಲದೆ ಕೇಂದ್ರಸ್ಥಾನ ಬಿಡಬೇಡಿ. ನಾಚಿಕೆಯಿಂದ ವಿಚಾರಣೆ ತಪ್ಪಿಸಬೇಡಿ. ಕೋರ್ಟಿನ ಕೇಸು ಬೇರೆ, ಇಲಾಖೆಯ ವಿಚಾರಣೆ ಬೇರೆ. ಎರಡಕ್ಕೂ ಉತ್ತರ ಕೊಡಲೇಬೇಕು.

ಉಳಿದ ನಮಗೆ ಒಂದೇ ಮಾತು. ಆ ಮನೆಯಲ್ಲಿ ಶಾಲೆಗೆ ಹೋಗುವ ಮಕ್ಕಳಿದ್ದಾರೆ, ಮದುವೆ ನಿಶ್ಚಯವಾದ ಹುಡುಗಿ ಇರಬಹುದು, ಮುಖ ತೋರಿಸಲಾಗದೆ ಒಳಗೇ ಕೂತ ಉಮ್ಮ ಇರಬಹುದು. ತೀರ್ಪು ನ್ಯಾಯಾಧೀಶರು ಕೊಡಲಿ. ಅಲ್ಲಿಯ ತನಕ ನಾವು ಆ ಮನೆಗೆ ಸಲಾಂ ಹೇಳುವುದನ್ನು ನಿಲ್ಲಿಸದಿರೋಣ.