ಬಾಣಸಿಗನ ಪ್ರಬಂಧವನ್ನು ಬೇಡವೆಂದವರು

ಫ್ರಾನ್ಸಿನಲ್ಲಿ ಹುಟ್ಟಿ ಅಮೆರಿಕದಲ್ಲಿ ಹೆಸರಾದ ಬಾಣಸಿಗ ಝಾಕ್ ಪೆಪ್ಯಾಂ ಹುಟ್ಟಿ 90 ವರ್ಷವಾದ ನಿಮಿತ್ತ ಬಂದ ಬರಹಗಳಲ್ಲಿ ಬಹುಪಾಲು ಅವರು ಫ್ರಾನ್ಸಿನ ನಾಯಕ ಷಾರ್ಲ್ ದ ಗಾಲ್‌ಗೆ ಅಡುಗೆ ಮಾಡಿದ್ದನ್ನು, ಅಡುಗೆ ಲೇಖಕಿ ಜೂಲಿಯಾ ಚೈಲ್ಡ್ ಜೊತೆ ಟೆಲಿವಿಷನ್ನಿನಲ್ಲಿ ಕಾಣಿಸಿಕೊಂಡದ್ದನ್ನು, ಪಡೆದ ಪ್ರಶಸ್ತಿಗಳನ್ನು ಎಣಿಸಿ ಮುಗಿಸಿದವು. ಸಾಹಿತ್ಯದ ಓದುಗರಿಗೆ ಎಲ್ಲಕ್ಕಿಂತ ಮುಖ್ಯವಾಗಬೇಕಿದ್ದ ಸಂಗತಿ, ಅಂದರೆ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಅವರ ಡಾಕ್ಟರೇಟ್ ಪ್ರಬಂಧದ ವಿಷಯವೇ ತಿರಸ್ಕೃತವಾದದ್ದು, ಎಲ್ಲೋ ಒಂದು ಸಾಲಿನಲ್ಲಿ ಬಂದುಹೋಯಿತು, ಇಲ್ಲವೇ ಬರಲೇ ಇಲ್ಲ. ಇದೇ ಹೊತ್ತಿಗೆ, ಈ ಪತ್ರಿಕೆ ಆಹಾರವನ್ನು ಕುರಿತು ವಿಶೇಷ ಸಂಚಿಕೆ ತರಲಿದೆ ಎಂಬುದನ್ನು ತಿಳಿದ ಸಮಕಾಲೀನ ಪತ್ರಿಕೆಯೊಂದು, ಅಡುಗೆಮನೆಯ ಸಂಗತಿಗಳು ಸಾಹಿತ್ಯ ಪತ್ರಿಕೆಯ ಘನತೆಗೆ ತಕ್ಕವಲ್ಲ ಎಂದು ತೀರ್ಪು ಕೊಟ್ಟಿದೆ. ಆ ಪತ್ರಿಕೆಯನ್ನು ಇಲ್ಲಿ ಹೆಸರಿಸುವ ಅಗತ್ಯವಿಲ್ಲ. ಆದರೆ ಕೊಲಂಬಿಯಾದ ಆ ನಿರ್ಧಾರವೂ ಈ ತೀರ್ಪೂ ಒಂದೇ ಬೇರಿನಿಂದ ಹುಟ್ಟಿದವು ಎಂಬುದನ್ನು ಸ್ಪಷ್ಟವಾಗಿ ಹೇಳಬೇಕಾಗಿದೆ.

ಪೆಪ್ಯಾಂ 1959ರಲ್ಲಿ ಅಮೆರಿಕಕ್ಕೆ ಬಂದಾಗ ಅವರಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. ಹದಿಮೂರನೆಯ ವಯಸ್ಸಿಗೇ ಶಾಲೆ ಬಿಟ್ಟಿದ್ದ ಅವರು ಹಗಲು ಅಡುಗೆಮನೆಯಲ್ಲಿ ದುಡಿಯುತ್ತ, ಮೊದಲು ಇಂಗ್ಲಿಷ್ ಕಲಿಯಲು ಕೊಲಂಬಿಯಾ ಸೇರಿ, ಬಳಿಕ ಅಲ್ಲಿಯೇ ಓದು ಮುಂದುವರಿಸಿ 1970ರಲ್ಲಿ ಬಿ.ಎ., 1972ರಲ್ಲಿ ಫ್ರೆಂಚ್ ಸಾಹಿತ್ಯದಲ್ಲಿ ಎಂ.ಎ. ಪದವಿ ಪಡೆದರು. ಡಾಕ್ಟರೇಟಿಗಾಗಿ ಅವರು ಆರಿಸಿಕೊಂಡ ವಿಷಯ ಫ್ರೆಂಚ್ ಸಾಹಿತ್ಯದ ಮೂಲಕ ಕಾಣುವ ಫ್ರೆಂಚ್ ಆಹಾರದ ಇತಿಹಾಸ. ರೋನ್ಸಾರನ ಕವಿತೆಯಲ್ಲಿ ಬರುವ ಹೊಲದ ಸೊಪ್ಪಿನಿಂದ ಪ್ರೂಸ್ತನ ಕಾದಂಬರಿಯ ಮಾದಲೆನ್ ಎಂಬ ಪುಟ್ಟ ಕೇಕಿನವರೆಗೆ ಅದರ ಹರಹು ಇತ್ತು. ಅಡುಗೆ ಗಂಭೀರ ಅಧ್ಯಯನಕ್ಕೆ ತಕ್ಕ ವಿಷಯವಲ್ಲ, ತೀರ ಕ್ಷುಲ್ಲಕ ಎಂಬ ಕಾರಣ ಕೊಟ್ಟು ಅದನ್ನು ನಿರಾಕರಿಸಲಾಯಿತು. ಪೆಪ್ಯಾಂ ಡಾಕ್ಟರೇಟಿನ ಆಸೆಯನ್ನು ಅಲ್ಲಿಗೇ ಕೈಬಿಟ್ಟರು.

ಈ ನಿರಾಕರಣೆಯಿಂದ ನಷ್ಟವಾದದ್ದು ಸಾಹಿತ್ಯಕ್ಕೆ ಎಂಬುದು ಈ ಪತ್ರಿಕೆಯ ಖಚಿತ ಅಭಿಪ್ರಾಯ. ಫ್ಲೋಬೇರನ 'ಮದಾಂ ಬೊವಾರಿ'ಯ ಮದುವೆ ಊಟದ ಕೊನೆಗೆ ಬರುವ ಕೇಕನ್ನು ನೆನೆಯಬಹುದು. ಅದರ ಬುಡದಲ್ಲಿ ನೀಲಿ ರಟ್ಟಿನಿಂದ ಮಾಡಿದ ಕಂಬಸಾಲಿನ ಗುಡಿ ಇದೆ, ಎರಡನೆಯ ಅಂತಸ್ತಿನಲ್ಲಿ ಸಾವೊಯ್ ಕೇಕಿನ ಕೋಟೆ ಇದೆ, ಮೇಲೆ ಹಸಿರು ಬಯಲು, ಜಾಮಿನ ಕೆರೆ, ಹೇಜಲ್ ಕಾಯಿಯ ಸಿಪ್ಪೆಯ ದೋಣಿಗಳು, ತುದಿಯಲ್ಲಿ ಚಾಕೊಲೇಟಿನ ಉಯ್ಯಾಲೆಯಲ್ಲಿ ಕುಳಿತ ಪುಟ್ಟ ಮನ್ಮಥ. ವಿಮರ್ಶಕರು ಇದರಲ್ಲಿ ಹಳ್ಳಿಯ ಸಿರಿವಂತಿಕೆಯ ಅಭಿರುಚಿಹೀನತೆಯನ್ನು ಓದಿದ್ದಾರೆ, ಅದು ಸರಿಯಾದ ಓದೇ. ಆದರೆ ಅಡುಗೆ ಬಲ್ಲವನು ಓದಿದರೆ ಇದರಲ್ಲಿ ತಿನ್ನುವುದಕ್ಕೆ ಬರುವ ಭಾಗ ಎಷ್ಟು, ನೋಡುವುದಕ್ಕೆಂದೇ ಇಟ್ಟ ಭಾಗ ಎಷ್ಟು, ಭಾರವಾದ ಕೇಕನ್ನು ಹೊರಲು ಕೆಳಗೆ ರಟ್ಟು ಏಕೆ ಬೇಕಾಯಿತು ಎಂಬುದೂ ಕಾಣುತ್ತದೆ. ಇವ್‌ತೋ ಊರಿನಿಂದ ಬಂದ ಆ ಮಿಠಾಯಿಗಾರ ಆ ಸೀಮೆಗೆ ಹೊಸಬ, ಆದ್ದರಿಂದಲೇ ಅಷ್ಟು ಮುತುವರ್ಜಿ ವಹಿಸಿದ ಎಂದು ಫ್ಲೋಬೇರನೇ ಹೇಳುತ್ತಾನೆ. ಹೊಸ ಊರಿನಲ್ಲಿ ಗಿರಾಕಿ ಹುಡುಕುವ ಕಸುಬುದಾರನ ಆತಂಕ ಆ ಒಂದು ಮಾತಿನಲ್ಲಿ ಅಡಗಿದೆ, ಮತ್ತು ಅದನ್ನು ಗುರುತಿಸಬಲ್ಲ ಓದುಗ ಕೊಲಂಬಿಯಾದ ಬಾಗಿಲಿಗೆ ತಾನಾಗಿಯೇ ಬಂದು ನಿಂತಿದ್ದ.

ಅವರ ಬದುಕೇ ಆ ಓದಿಗೆ ಬೇಕಾದ ತಯಾರಿಯಾಗಿತ್ತು. 1935ರ ಡಿಸೆಂಬರ್ 18ರಂದು ಲಿಯೋಂ ಸಮೀಪದ ಬೂರ್-ಆಂ-ಬ್ರೆಸ್‌ನಲ್ಲಿ ಹುಟ್ಟಿದ ಪೆಪ್ಯಾಂ ಬೆಳೆದದ್ದು ತಾಯಿ ನಡೆಸುತ್ತಿದ್ದ ಸಣ್ಣ ಹೋಟೆಲುಗಳಲ್ಲಿ. ಲಿಯೋಂ ಪ್ರದೇಶದಲ್ಲಿ ಹೋಟೆಲು ನಡೆಸುವ ಹೆಂಗಸರನ್ನು 'ಮೇರ್', ಅಂದರೆ 'ಅಮ್ಮ' ಎಂದೇ ಕರೆಯುವ ಪರಂಪರೆಯಿದ್ದು, ಅವರಲ್ಲೊಬ್ಬರಾದ ಯುಜೆನಿ ಬ್ರಾಜಿಯೇ 1933ರಲ್ಲಿ ತಮ್ಮ ಎರಡು ಹೋಟೆಲುಗಳಿಗೂ ಮೂರು ಮೂರು ಮಿಶೆಲಿನ್ ನಕ್ಷತ್ರ ಗಳಿಸಿದ್ದರು. ಆದರೂ ಫ್ರೆಂಚ್ ಅಡುಗೆಯ ಇತಿಹಾಸ ಬರೆಯುವವರು ಇಂದಿಗೂ ಗಂಡಸರ ಬಿಳಿ ಟೋಪಿಗಳ ಹಿಂದೆಯೇ ಓಡುತ್ತಾರೆ. 1949ರಲ್ಲಿ ಊರಿನ ದೊಡ್ಡ ಹೋಟೆಲಿಗೆ ಕಸುಬು ಕಲಿಯಲು ಸೇರಿದ ಹುಡುಗನಿಗೆ ಅಲ್ಲಿ ಬರೆದ ಪಾಕವಿಧಾನವನ್ನು ಯಾರೂ ಕೊಡಲಿಲ್ಲ. ನೋಡಿ ಕಲಿಯಬೇಕು, ಕೈ ತಿದ್ದಿಕೊಳ್ಳಬೇಕು, ತಪ್ಪಿದರೆ ಮತ್ತೆ ಮಾಡಬೇಕು ಎಂಬುದೇ ಅಲ್ಲಿನ ಶಿಕ್ಷಣ ಕ್ರಮವಾಗಿತ್ತು. ಮುಂದೆ ಪ್ಯಾರಿಸ್ಸಿನ ಪ್ಲಾಜಾ ಅತೆನೆ ಹೋಟೆಲಿನಲ್ಲಿ ದುಡಿದು, ಸೇನಾ ಸೇವೆಯ ಅವಧಿಯಲ್ಲಿ ಸರ್ಕಾರದ ಮುಖ್ಯಸ್ಥರ ಅಡುಗೆಮನೆಗೆ ಹೋದರು. ಆ ಕಾಲದಲ್ಲಿ ಬಾಣಸಿಗನನ್ನು ಯಾರೂ ಊಟದ ಕೋಣೆಗೆ ಕರೆಸಿ ಮೆಚ್ಚುಗೆ ಹೇಳುತ್ತಿರಲಿಲ್ಲ, ಸಮಾಜದಲ್ಲಿ ಅವನ ಸ್ಥಾನ ತೀರ ಕೆಳಗಿತ್ತು ಎಂದು ಪೆಪ್ಯಾಂ ಅನೇಕ ಬಾರಿ ಹೇಳಿದ್ದಾರೆ. ಇಂದಿನ ಬರಹಗಳು ದ ಗಾಲ್ ಹೆಸರನ್ನು ಕಿರೀಟದಂತೆ ಅವರ ತಲೆಗೆ ತೊಡಿಸುವಾಗ ಈ ಮಾತನ್ನು ಬಿಟ್ಟುಬಿಡುತ್ತವೆ.

ಅಮೆರಿಕದ ಬದುಕಿನ ಬಗ್ಗೆಯೂ ಇಂಥದೇ ತಪ್ಪು ತಕ್ಕಡಿ ಬಳಕೆಯಲ್ಲಿದೆ. ಕೆನಡಿಯವರ ಶ್ವೇತಭವನದಲ್ಲಿ ಮುಖ್ಯ ಬಾಣಸಿಗನಾಗುವ ಅವಕಾಶವನ್ನು ಬಿಟ್ಟು ಪೆಪ್ಯಾಂ ಹೊವಾರ್ಡ್ ಜಾನ್ಸನ್ಸ್ ಸೇರಿದರು. ಹೆದ್ದಾರಿಗಳ ಬದಿಯಲ್ಲಿ ಕಿತ್ತಳೆ ಬಣ್ಣದ ಚಾವಣಿಯಿಂದ ಗುರುತಾಗುತ್ತಿದ್ದ ಆ ಹೋಟೆಲು ಸರಣಿಯಲ್ಲಿ ಅವರು ಸುಮಾರು ಹತ್ತು ವರ್ಷ ದುಡಿದದ್ದನ್ನು ದೊಡ್ಡ ಬಾಣಸಿಗನೊಬ್ಬನ ವ್ಯರ್ಥ ಕಾಲವೆಂದು ಕಾಣುವವರಿದ್ದಾರೆ. ಆದರೆ ಮನೆಯ ಪ್ರಮಾಣದಲ್ಲಿ ಮಾಡುವ ಸಾರನ್ನು ಗ್ಯಾಲನ್‌ಗಟ್ಟಲೆ ಮಾಡಿದಾಗ ರುಚಿ ಏಕೆ ಕೆಡುತ್ತದೆ, ಕೆಡದಂತೆ ಏನು ಮಾಡಬೇಕು ಎಂಬ ಪ್ರಶ್ನೆ ಅರಮನೆಯ ಅಡುಗೆಯಷ್ಟೇ ಕಠಿಣವಾದದ್ದು, ಮತ್ತು ಅದರ ಉತ್ತರ ಸಾಮಾನ್ಯ ಪ್ರಯಾಣಿಕನ ತಟ್ಟೆಗೆ ಬೀಳುತ್ತದೆ. ಆ ಅನುಭವದ ಬಲದಿಂದಲೇ ಅವರು 1970ರಲ್ಲಿ ನ್ಯೂಯಾರ್ಕಿನ ಫಿಫ್ತ್ ಅವೆನ್ಯೂದಲ್ಲಿ ಸೂಪುಗಳಿಗೇ ಮೀಸಲಾದ 'ಲಾ ಪೊತಾಜರಿ' ಹೋಟೆಲನ್ನು ತೆರೆದು ನಿಭಾಯಿಸಿದರು. 1974ರ ಭೀಕರ ಕಾರು ಅಪಘಾತದಲ್ಲಿ ಬೆನ್ನು, ಸೊಂಟ, ತೋಳು ಮುರಿದ ಮೇಲೆ ದಿನವಿಡೀ ಒಲೆಯ ಮುಂದೆ ನಿಲ್ಲುವ ಕೆಲಸ ಅಸಾಧ್ಯವಾಗಿ, ಅವರು ಬರವಣಿಗೆಗೂ ಬೋಧನೆಗೂ ತಿರುಗಿದರು.

1976ರಲ್ಲಿ ಬಂದ 'ಲಾ ತೆಕ್ನೀಕ್' ಈ ತಿರುವಿನ ಫಲ. ಚಾಕು ಹಿಡಿಯುವುದು, ಮಸೆಯುವುದು, ಈರುಳ್ಳಿ ಹೆಚ್ಚುವುದು, ಇಡೀ ಕೋಳಿಯ ಮೂಳೆ ಬಿಡಿಸುವುದು, ಹೀಗೆ ಕೈಯ ಒಂದೊಂದು ಚಲನೆಯನ್ನೂ ಛಾಯಾಚಿತ್ರಗಳ ಸಾಲಿನಲ್ಲಿ ತೋರಿಸಿದ ಆ ಪುಸ್ತಕದಿಂದಲೇ ಟಾಮ್ ಕೊಲಿಕಿಯೊ ಅವರಂಥ ಬಾಣಸಿಗರು ಗುರುವಿಲ್ಲದೆ ಕಸುಬು ಕಲಿತರು. ಪಾಕವಿಧಾನ ಹೇಳುವುದು ಅಳತೆಯನ್ನು, ಕೈಗೆ ಗೊತ್ತಿರುವುದು ಹದ. ಪೆಪ್ಯಾಂ ಆಮ್ಲೆಟ್ ಮಾಡುವುದನ್ನು ನೋಡಿದವರಿಗೆ ಈ ಭೇದವನ್ನು ವಿವರಿಸಬೇಕಾಗಿಲ್ಲ. ಮೊಟ್ಟೆ, ಉಪ್ಪು, ಮೆಣಸು, ಬೆಣ್ಣೆ ಇಷ್ಟೇ ಸಾಮಗ್ರಿ. ಬೆಣ್ಣೆ ನೊರೆಯಾಡುವಾಗ ಮೊಟ್ಟೆ ಸುರಿದು, ಒಂದು ಕೈಯಿಂದ ಬಾಣಲೆಯನ್ನು ಅಲುಗಿಸುತ್ತ ಇನ್ನೊಂದು ಕೈಯ ಫೋರ್ಕಿನಿಂದ ಬಿಡದೆ ಕದಡಿದರೆ ಮೊಟ್ಟೆ ಸಣ್ಣ ಸಣ್ಣ ಹರಳಾಗಿ ಕೂಡುತ್ತದೆ. ಮೇಲ್ಭಾಗ ಇನ್ನೂ ಒದ್ದೆಯಾಗಿರುವಾಗಲೇ ಬಾಣಲೆಯನ್ನು ವಾಲಿಸಿ, ಅಂಚನ್ನು ಮಡಿಸಿ, ಹಿಡಿಕೆಯನ್ನು ಮುಷ್ಟಿಯಿಂದ ಗುದ್ದಿದಾಗ ಎದುರಿನ ಅಂಚು ಮೇಲೇಳುತ್ತದೆ, ಅದನ್ನೂ ಮಡಿಸಿ ತಟ್ಟೆಗೆ ಮಗುಚಿದರೆ ಎರಡು ತುದಿ ಚೂಪಾದ, ಎಲ್ಲೂ ಕಂದಾಗದ ಎಳೆ ಹಳದಿಯ ಸುರುಳಿ ಸಿದ್ಧ. ಹಳ್ಳಿಯ ರೀತಿಯ ಆಮ್ಲೆಟ್ಟಿನಲ್ಲಿ ಹರಳುಗಳು ದೊಡ್ಡವು, ಮೈ ಕೆಂಪಗೆ ಬೆಂದಿರುತ್ತದೆ. ಸಾಮಗ್ರಿ ಒಂದೇ ಆದರೂ ಕೈಚಳಕದ ವ್ಯತ್ಯಾಸದಿಂದ ಎರಡು ಬೇರೆ ತಿನಿಸುಗಳು ಹುಟ್ಟುತ್ತವೆ, ಮತ್ತು ಒಂದು ಇನ್ನೊಂದಕ್ಕಿಂತ ಮೇಲು ಎಂದು ಪೆಪ್ಯಾಂ ಎಂದೂ ಹೇಳಿಲ್ಲ. ಒಂದೇ ಅರ್ಥದ ಎರಡು ವಾಕ್ಯಗಳು ಏಕೆ ಬೇರೆಯಾಗುತ್ತವೆ ಎಂದು ಶೈಲಿಶಾಸ್ತ್ರ ಕೇಳುವ ಪ್ರಶ್ನೆಯೂ ಇದೇ ಅಲ್ಲವೇ?

ಕನ್ನಡದಲ್ಲಿ ಕುಳಿತು ಅಡುಗೆಯನ್ನು ಕ್ಷುಲ್ಲಕವೆನ್ನುವವರು ತಮ್ಮ ಭಾಷೆಯ ಚರಿತ್ರೆಯನ್ನೇ ಮರೆತಿದ್ದಾರೆ. ಹನ್ನೊಂದನೆಯ ಶತಮಾನದ 'ಲೋಕೋಪಕಾರ'ದಲ್ಲಿ ಚಾವುಂಡರಾಯ ಪಾಕಕ್ಕೆ ಜಾಗ ಕೊಟ್ಟಿದ್ದಾನೆ. ಹದಿನಾರನೆಯ ಶತಮಾನದ ಆರಂಭದಲ್ಲಿ ಮೂರನೆಯ ಮಂಗರಸ, ಕಾವ್ಯ ಬರೆದ ಕೈಯಿಂದಲೇ 'ಸೂಪಶಾಸ್ತ್ರ'ವನ್ನು ಷಟ್ಪದಿಯಲ್ಲಿ ಬರೆದಿದ್ದಾನೆ. ಅಂಥ ಭಾಷೆಯಲ್ಲಿ ಇಂದು ಅಡುಗೆಯ ಪುಸ್ತಕಕ್ಕೆ ವಿಮರ್ಶೆಯ ಪುಟದಲ್ಲಿ ಸ್ಥಳವಿಲ್ಲ, ಅದನ್ನು ಬರೆದ ಹೆಂಗಸರನ್ನು ಲೇಖಕಿಯರೆಂದು ಎಣಿಸುವ ರೂಢಿಯಿಲ್ಲ, ಸಾಹಿತ್ಯ ಚರಿತ್ರೆಕಾರರು ಮಂಗರಸನ ಆ ಕೃತಿಯನ್ನು ಹೆಸರಿಸಿ ಮುಂದೆ ಹೋಗುತ್ತಾರೆ. ಷಟ್ಪದಿಯ ಮಾತ್ರೆ ಎಣಿಸಬಲ್ಲ ವಿದ್ವಾಂಸರು ಅದರೊಳಗಿನ ಪಾಕವನ್ನು ಒಲೆಯ ಮೇಲಿಟ್ಟು ನೋಡಿದ್ದರೆ ಎಷ್ಟೋ ಪದಗಳ ಅರ್ಥ ನಿಘಂಟಿನ ನೆರವಿಲ್ಲದೆ ತಿಳಿಯುತ್ತಿತ್ತು.

ಕಾಲ ಪೆಪ್ಯಾಂ ಪರವಾಗಿಯೇ ತೀರ್ಪು ಕೊಟ್ಟಿದೆ. ಬಾಸ್ಟನ್ ವಿಶ್ವವಿದ್ಯಾಲಯದಲ್ಲಿ ಅವರೂ ಜೂಲಿಯಾ ಚೈಲ್ಡ್ ಅವರೂ ಸೇರಿ ರೂಪಿಸಿದ ಆಹಾರ ಅಧ್ಯಯನದ ಸ್ನಾತಕೋತ್ತರ ಪದವಿ ಆರಂಭವಾಯಿತು. 2016ರಲ್ಲಿ ಸ್ಥಾಪನೆಯಾದ ಅವರ ಪ್ರತಿಷ್ಠಾನ, ಸೆರೆಮನೆಯಿಂದ ಹೊರಬಂದವರೂ ಸೇರಿದಂತೆ ಕೆಲಸ ಸಿಗದೆ ಕಷ್ಟಪಡುವವರಿಗೆ ಅಡುಗೆಯ ಕಸುಬು ಕಲಿಸುವ ಸಂಸ್ಥೆಗಳಿಗೆ ನೆರವಾಗುತ್ತಿದೆ. ವಿಷಯ ಕ್ಷುಲ್ಲಕವೆಂದು ಪ್ರಬಂಧವನ್ನು ಬೇಡವೆಂದ ಕೊಲಂಬಿಯಾ ವಿಶ್ವವಿದ್ಯಾಲಯ 2017ರಲ್ಲಿ ಅವರಿಗೆ ಗೌರವ ಡಾಕ್ಟರೇಟ್ ನೀಡಿತು. ಆದರೆ ಆ ಪ್ರಬಂಧ ಮಾತ್ರ ಬರೆಯದೆಯೇ ಉಳಿಯಿತು.

ಮುಂದಿನ ವಿಶೇಷ ಸಂಚಿಕೆಯ ವಿಷಯ 'ಆಹಾರ ಮತ್ತು ಸಾಹಿತ್ಯ'. ಲೇಖಕರು, ವಿಶೇಷವಾಗಿ ದಿನವೂ ಒಲೆಯ ಮುಂದೆ ನಿಲ್ಲುವವರು ಬರಹಗಳನ್ನು ಕಳುಹಿಸಬೇಕಾಗಿ ವಿನಂತಿ. ಅಡುಗೆಯ ವಿಧಾನವನ್ನು ಬರೆಯುವವರು ಅಳತೆಯನ್ನಷ್ಟೇ ಕೊಟ್ಟು ನಿಲ್ಲಿಸದೆ ಹದವನ್ನೂ ಮಾತಿನಲ್ಲಿ ಹಿಡಿದು ಕೊಡಬೇಕು.